ಎಂಟನೆಯ ಅಧ್ಯಾಯದ ಏಳು ಪುಟಗಳು

ಹೋದ ತಿಂಗಳು ರೆಸಿಡೆಂಟ್ ಕಾರ್ಡ್ ನವೀಕರಣದ ಅರ್ಜಿ ತುಂಬಿಸಲೆಂದು ಮಸ್ಕತ್ತಿನ ಅಲ್ ಅಜೈಬಾದ ಒಂದು ಟೈಪಿಂಗ್ ಸೆಂಟರಿಗೆ ಹೋಗಿದ್ದೆ. ನನ್ನ ಮುಂದೆ ಆರು ಮಂದಿ ಇದ್ದರು. ಕೌಂಟರಿನ ಹಿಂದೆ ಒಬ್ಬಳು ಹುಡುಗಿ ಹಳೆಯ ಅರ್ಜಿಗಳನ್ನು ಕಾಗದ ಚೂರು ಮಾಡುವ ಯಂತ್ರಕ್ಕೆ ಒಂದೊಂದಾಗಿ ಹಾಕುತ್ತಿದ್ದಳು. ಬಿಸಿಯಾದ ಕಾಗದದ ಧೂಳು, ಯಂತ್ರದ ಎಣ್ಣೆ, ಎರಡೂ ಸೇರಿದ ಒಂದು ವಾಸನೆ ಇದೆ. ಮೂವತ್ತನಾಲ್ಕು ವರ್ಷ ಅದು ನನಗೆ ವಾರ ಮುಗಿದ ವಾಸನೆಯಾಗಿತ್ತು. ಮೇಜು ಖಾಲಿಯಾಯಿತು, ಇನ್ನು ಮನೆಗೆ ಹೋಗಬಹುದು ಎಂಬ ವಾಸನೆ. ಈಗ ಅದು ಮೂಗಿಗೆ ಬಡಿದರೆ ಕುಳಿತಲ್ಲಿ ಕೂರಲಾಗುವುದಿಲ್ಲ. ಟೋಕನ್ ಚೀಟಿಯನ್ನು ಪಕ್ಕದವರ ಕೈಗೆ ಕೊಟ್ಟು ಹೊರಗೆ ಬಂದೆ. ಮೂರು ವರ್ಷದ ಹಿಂದಿನ ಆ ಬೇಸಿಗೆಯನ್ನು ಬರೆದಿಡಬೇಕೆಂದು ಅಲ್ಲಿಯೇ, ಬಿಸಿಲಲ್ಲಿ ನಿಂತು ತೀರ್ಮಾನಿಸಿದೆ.

ನಾನು ವೃತ್ತಿಯಿಂದ ಶೀಘ್ರಲಿಪಿಗಾರ. ಉಡುಪಿಯ ಒಂದು ಟೈಪಿಂಗ್ ಸಂಸ್ಥೆಯಲ್ಲಿ ಕಲಿತವನು. ಬೆಳಿಗ್ಗೆ ಆರಕ್ಕೆ ತರಗತಿ. ಆರು ಗಂಟೆ ಒಂದು ನಿಮಿಷಕ್ಕೆ ನಮ್ಮ ಮಾಸ್ತರರು ಬಾಗಿಲು ಹಾಕಿಕೊಳ್ಳುತ್ತಿದ್ದರು. ಮಾತು ಕಿವಿಯಿಂದ ನೇರವಾಗಿ ಕೈಗೆ ಇಳಿಯಬೇಕು, ನಡುವೆ ತಲೆಗೆ ಕೆಲಸವಿಲ್ಲ ಎಂದು ಅವರು ದಿನವೂ ಹೇಳುತ್ತಿದ್ದರು. ಅರ್ಥ ಹುಡುಕುತ್ತ ಕುಳಿತವನ ಪೆನ್ಸಿಲು ಹಿಂದೆ ಬೀಳುತ್ತದೆ. ನಾನು ಅರ್ಥ ಹುಡುಕಲಿಲ್ಲ. ಮಸ್ಕತ್ತಿನ ರೂವಿಯಲ್ಲಿ ಒಂದು ಕಂಪನಿಯ ಚೇರ್ಮನ್ನರ ಆಪ್ತ ಕಾರ್ಯದರ್ಶಿಯಾಗಿ ಮೂವತ್ತನಾಲ್ಕು ವರ್ಷ ಕೂತೆ. ಅವರು ಹೇಳಿದ್ದನ್ನು ಬರೆದೆ, ಟೈಪ್ ಮಾಡಿದೆ, ಸಹಿಗೆ ಇಟ್ಟೆ. ಸಹಿಯಾದ ವಾರವೇ ಟಿಪ್ಪಣಿ ಪುಸ್ತಕವನ್ನು ಯಂತ್ರಕ್ಕೆ ಹಾಕಿದೆ. ಒಂದು ವಿಷಯಕ್ಕೆ ಎರಡು ಪ್ರತಿ ಇದ್ದರೆ ಎರಡು ಸತ್ಯ ಇದ್ದ ಹಾಗೆ ಎಂದು ಚೇರ್ಮನ್ನರು ಹೇಳುತ್ತಿದ್ದರು. ಆ ಕ್ರಮದಲ್ಲಿ ಒಂದು ವಾರವೂ ತಪ್ಪಲಿಲ್ಲ. ನಿವೃತ್ತನಾಗಿ ಅಜೈಬಾದಲ್ಲಿ ಮಗನ ಮನೆಗೆ ಬಂದ ಮೇಲೆ ಬರೆಯಲು ಏನೂ ಇಲ್ಲದೆ, ಟಿ.ವಿ.ಯಲ್ಲಿ ಸುದ್ದಿ ಓದುವವನ ಮಾತನ್ನು ಕ್ಯಾಲೆಂಡರಿನ ಹಿಂಬದಿಯಲ್ಲಿ ಗೀಚುತ್ತಿದ್ದೆ.

ಆ ವರ್ಷ ಏಪ್ರಿಲ್ ಕೊನೆಯಲ್ಲಿ ಘಾಲಾದ ಚರ್ಚಿನಲ್ಲಿ ಪೂಜೆ ಮುಗಿದ ಮೇಲೆ ಪಾದ್ರಿಗಳು ನನ್ನನ್ನು ಒಬ್ಬ ಹೆಂಗಸಿಗೆ ಪರಿಚಯಿಸಿದರು. ಹೆಸರು ಮೇವ್. ಐರ್ಲೆಂಡಿನವರು, ಐವತ್ತು ದಾಟಿದವರು, ಸೊಹಾರ್ ಬಂದರಿನ ಒಂದು ಕಾರ್ಖಾನೆಯಲ್ಲಿ ಸುರಕ್ಷತೆಯ ಎಂಜಿನಿಯರ್. ವಾರವಿಡೀ ಸೊಹಾರ್‌ನಲ್ಲಿದ್ದು ಗುರುವಾರ ಸಂಜೆ ಅಜೈಬಾದ ಮನೆಗೆ ಬರುತ್ತಿದ್ದರು. ಆ ಮನೆಯಲ್ಲಿ ಅವರ ತಂದೆ ಇದ್ದರು. ತಂದೆ ತಮ್ಮ ದೇಶದಲ್ಲಿ ಮಂತ್ರಿಯಾಗಿದ್ದವರು.

“ಅಪ್ಪನಿಗೆ ಮರೆವು ಶುರುವಾಗಿದೆ. ನೆನಪಿಗೆ ಈ ಬೇಸಿಗೆಯೊಂದೇ ಉಳಿದಿರುವುದು ಎಂದಿದ್ದಾರೆ ಡಾಕ್ಟರು,” ಎಂದರು ಮೇವ್. “ಜೀವನ ಚರಿತ್ರೆ ಬರೆಸಬೇಕು. ರೆಕಾರ್ಡರ್ ಇಟ್ಟರೆ ಬಾಯಿಯೇ ತೆರೆಯುವುದಿಲ್ಲ. ಮೈಕಿನ ಮುಂದೆ ಯಾವ ಮಂತ್ರಿ ನಿಜ ಮಾತಾಡುತ್ತಾನೆ ಅಂತ ನನ್ನನ್ನೇ ಕೇಳುತ್ತಾರೆ.”

ಮಂತ್ರಿಗಳ ಹೆಸರನ್ನು ಇಲ್ಲಿ ಬರೆಯುವುದಿಲ್ಲ. ಯಜಮಾನರ ಹೆಸರು ಹೊರಗೆ ಹೇಳುವುದು ನನ್ನ ವೃತ್ತಿಯಲ್ಲಿ ಇಲ್ಲ. ಅವರು ಆ ವರ್ಷವೇ ಡಿಸೆಂಬರಿನಲ್ಲಿ ತೀರಿಕೊಂಡರು. ಪುಸ್ತಕ ಮರುವರ್ಷ ಅಚ್ಚಾಯಿತು. ಒಂದು ಪ್ರತಿ ನನ್ನ ಕಪಾಟಿನಲ್ಲಿದೆ, ನಾನು ಓದಿಲ್ಲ.

ಮೇ ತಿಂಗಳ ಮೊದಲ ಭಾನುವಾರ, ಏಳೂವರೆಗೆ ಐದು ನಿಮಿಷ ಇರುವಾಗ ಬೆಲ್ ಒತ್ತಿದೆ. ಬಾಗಿಲು ತೆಗೆದವಳು ಅವರನ್ನು ನೋಡಿಕೊಳ್ಳುವ ನರ್ಸ್ ಸುಜಾತಾ, ಕಾರ್ಕಳದವಳು. ನನ್ನ ಉಚ್ಚಾರ ಕೇಳಿದ್ದೇ ಇಂಗ್ಲಿಷ್ ಬಿಟ್ಟಳು.

“ಅಯ್ಯೋ, ನೀವು ನಮ್ಮ ಊರಿನವರಾ ಅಂಕಲ್? ಬದುಕಿದೆ. ಈ ಅಜ್ಜ ಐದು ಗಂಟೆಗೇ ಎದ್ದು ಟೈ ಕಟ್ಟಿ ಕೂತಿದ್ದಾರೆ. ಸೆಕ್ರೆಟರಿ ಬಂದನಾ, ಸೆಕ್ರೆಟರಿ ಬಂದನಾ ಅಂತ ನನ್ನ ತಲೆ ತಿಂದದ್ದು ಇಷ್ಟಲ್ಲ. ಮಂತ್ರಿ ಅಂತೆ. ನನಗೆ ಬೆಳಿಗ್ಗೆ ಒಂದು ಗ್ಲಾಸ್ ಚಾ ಕುಡಿಲಿಕ್ಕೆ ರಜೆ ಕೊಡ್ಲಿಲ್ಲ.”

ಒಳಗೆ ಕಿಟಕಿಯ ಬಳಿ ಎತ್ತರದ, ಬೆನ್ನು ಬಾಗದ ಒಬ್ಬ ವೃದ್ಧರು ನಿಂತಿದ್ದರು. ನನ್ನ ಪೆನ್ಸಿಲುಗಳನ್ನು ನೋಡಿದರು. ನಾಲ್ಕು, ಎಲ್ಲವೂ ಮೊನಚು. ಅವರ ಮುಖ ಸಡಿಲವಾಯಿತು. “ಕುಳಿತುಕೊಳ್ಳಿ. ಅಧ್ಯಾಯ ಒಂದು. ಹೊಸ ಸಾಲು,” ಎಂದರು.

ಅಂದಿನಿಂದ ಭಾನುವಾರದಿಂದ ಗುರುವಾರದವರೆಗೆ ಏಳೂವರೆಯಿಂದ ಒಂಬತ್ತೂವರೆ ನಮ್ಮ ವೇಳೆ. ಅದು ಅವರ ತಲೆ ತಿಳಿಯಾಗಿರುವ ಹೊತ್ತು. ಮಧ್ಯಾಹ್ನ ನಾನು ಮನೆಯಲ್ಲಿ ಟೈಪ್ ಮಾಡುವುದು. ಗುರುವಾರ ಸಂಜೆ ಪ್ರತಿಯನ್ನು ಮೇವ್‌ಗೆ ಕೊಡುವುದು. ಶುಕ್ರವಾರ ಅವರು ಓದಿ ಪುಟಪುಟಕ್ಕೂ ತಮ್ಮ ಹೆಸರಿನ ಮೊದಲಕ್ಷರ ಹಾಕುವುದು. ಶನಿವಾರ ಬೆಳಿಗ್ಗೆ ನಾನು ತಿದ್ದುಪಡಿ ಮಾಡಿ, ಕಂಪ್ಯೂಟರಿನಲ್ಲಿ ಹಳೆಯದರ ಮೇಲೆಯೇ ಹೊಸದನ್ನು ಉಳಿಸಿ, ವಾರದ ಟಿಪ್ಪಣಿಗಳನ್ನು ಚೂರು ಮಾಡುವುದು. ಅದಕ್ಕೆಂದು ಒಂದು ಸಣ್ಣ ಯಂತ್ರ ಕೊಂಡುತಂದೆ. ಮಗ ನಕ್ಕ. “ಪಪ್ಪಾ, ಇದು ಮನೆ. ರಾಯಭಾರ ಕಚೇರಿ ಅಲ್ಲ.”

ಮಂತ್ರಿಗಳ ಬಾಲ್ಯ ನನಗೆ ಪರಕೀಯ ಎನಿಸಲಿಲ್ಲ. ಪಶ್ಚಿಮ ತೀರದ ಒಂದು ಸಣ್ಣ ಬಂದರು. ತಂದೆಗೆ ಹಗ್ಗ, ಬಲೆ, ದೀಪದ ಎಣ್ಣೆ ಮಾರುವ ಅಂಗಡಿ. ಮನೆಯಲ್ಲಿ ಏಳು ಮಕ್ಕಳು, ಸಂಜೆ ಎಲ್ಲರೂ ಮೊಣಕಾಲೂರಿ ಜಪಮಾಲೆ. ಒಂಬತ್ತು ವರ್ಷ ಶಾಲೆಯಲ್ಲಿ ಪಾಠ ಮಾಡಿ ಜಿಲ್ಲಾ ಮಂಡಳಿಗೆ ಬಂದರು. ಎರಡು ಸಲ ಸಂಸತ್ತಿಗೆ ನಿಂತು ಸೋತರು. ಮೂರನೆಯ ಸಲ ಮಳೆಯಲ್ಲಿ ಮನೆಮನೆಗೂ ಸೈಕಲ್ಲಿನಲ್ಲಿ ಹೋಗಿ ಗೆದ್ದರು. ಆಮೇಲೆ ಉಪಮಂತ್ರಿ, ಆಮೇಲೆ ಸಮುದ್ರ ಮತ್ತು ಮೀನುಗಾರಿಕೆಯ ಪೂರ್ಣ ಮಂತ್ರಿ. ಹೇಳುವಾಗ ಅಲ್ಪವಿರಾಮ, ಪೂರ್ಣವಿರಾಮ ಎಲ್ಲವನ್ನೂ ಬಾಯಲ್ಲಿ ಹೇಳುತ್ತಿದ್ದರು. ಒಂಬತ್ತೂವರೆಗೆ ಮಾತು ನಿಲ್ಲಿಸಿದ ಮರುಗಳಿಗೆಯಲ್ಲಿ, ಇದು ಯಾವ ಊರು ಎಂದು ಸುಜಾತಾಳನ್ನು ಕೇಳುತ್ತಿದ್ದರು.

ಮಂತ್ರಿಗಳ ವಿಷಯ ಬೀದಿಯಲ್ಲೆಲ್ಲ ಗೊತ್ತಾಯಿತು. ನಮ್ಮ ಮನೆಯ ಕೆಳಗೆ ದಿನಸಿ ಅಂಗಡಿ ಇಟ್ಟಿರುವ ಹಮೀದ್ ಉಪ್ಪಿನಂಗಡಿ ಕಡೆಯ ಬ್ಯಾರಿ. ನನ್ನನ್ನು ಕಂಡರೆ ನಮ್ಮ ಕಡೆ ಕ್ರೈಸ್ತರನ್ನು ಕರೆಯುವ ಹಾಗೆಯೇ ಕರೆಯುತ್ತಾನೆ.

“ಪೊರ್ಬುಗಳೇ, ನಿಮ್ಮ ಮಂತ್ರಿಗೆ ಗನ್‌ಮ್ಯಾನ್ ಇಲ್ವಾ?”

“ಮಾಜಿ ಮಂತ್ರಿ ಮಾರಾಯಾ.”

“ಮಾಜಿಗೂ ನಮ್ಮಲ್ಲಿ ಇಬ್ರು ಇರ್ತಾರೆ. ನಿಮ್ಮವರು ನಿನ್ನೆ ನರ್ಸಿನ ಕೈ ಹಿಡ್ಕೊಂಡು ಬಂದು ಇಲ್ಲಿ ಒಂದು ಕಿಲೋ ಈರುಳ್ಳಿ ಆರಿಸಿದ್ರು. ಕೊಳೆತದ್ದನ್ನೇ ಆರಿಸಿದ್ರು, ಪಾಪ. ನಾನು ಬದಲಾಯ್ಸಿ ಕೊಟ್ಟೆ.”

ಎರಡನೆಯ ವಾರ ಒಂದು ಪತ್ರ ಬಂತು. ನೀಲಿ ಶಾಯಿಯ, ಹಳೆಯ ಶಾಲೆಯ ದುಂಡಗಿನ ಅಕ್ಷರ. ನೀವೇ ಓದಿ ಎಂದು ನನ್ನ ಕೈಗೆ ಕೊಟ್ಟರು. ಬರೆದವರು ನೋರಾ ಎಂಬ ಎಂಬತ್ತು ದಾಟಿದ ವಿಧವೆ, ಮಂತ್ರಿಗಳ ಊರಿನವರೇ. ಅವರ ಗಂಡ ಬ್ರೆಂಡನ್ ಮಂತ್ರಿಗಳ ಕಾರ್ಯದರ್ಶಿಯಾಗಿದ್ದ. ಪತ್ರ ಒಂದೇ ಪುಟ. ನೀವು ಪುಸ್ತಕ ಬರೆಸುತ್ತಿದ್ದೀರೆಂದು ತಿಳಿಯಿತು. ನನಗೆ ಕ್ಷಮೆ ಬೇಡ, ಪರಿಹಾರ ಬೇಡ. ನನ್ನ ಗಂಡ ನಮ್ಮ ಬಂದರಿನ ಆ ಫೈಲನ್ನು ವೇಳೆಗೆ ಸರಿಯಾಗಿ ನಿಮ್ಮ ಮೇಜಿಗೆ ತಂದಿಟ್ಟಿದ್ದ ಎಂಬ ಒಂದು ವಾಕ್ಯವನ್ನು ಅದರಲ್ಲಿ ಸೇರಿಸಿ, ನಾನು ಸಾಯುವ ಮೊದಲು ಈ ಊರಿನವರು ಅದನ್ನು ಓದಬೇಕು, ಎಂದಿತ್ತು.

ಓದಿ ಮುಗಿಸಿದಾಗ ಮಂತ್ರಿಗಳು ನಿಂತಿದ್ದರು. “ಆಕೆ ಕೇಳುವುದು ನ್ಯಾಯ. ಬರೆದುಕೊಳ್ಳಿ. ಈಗಲೇ ಹೇಳುತ್ತೇನೆ,” ಎಂದರು.

ನಾನು ನನ್ನ ವಿಷಯಸೂಚಿ ನೋಡಿದೆ. “ಸರ್, ಬಂದರಿನ ವಿಷಯ ಎಂಟನೆಯ ಅಧ್ಯಾಯದಲ್ಲಿ ಬರುತ್ತದೆ. ನಾವಿನ್ನೂ ಎರಡರಲ್ಲಿದ್ದೇವೆ. ಕ್ರಮವಾಗಿ ಹೋದರೆ ಜುಲೈನಲ್ಲಿ ಬರುತ್ತೇವೆ.”

ಅವರು, “ಸರಿ. ನೀವು ಹೇಳಿದ ಹಾಗೆ,” ಎಂದು ಕುಳಿತರು. ಪತ್ರವನ್ನು ಕೋಟಿನ ಒಳಜೇಬಿನಲ್ಲಿ ಇಟ್ಟುಕೊಂಡರು. ಆ ದಿನ ನಾವು ಅವರ ಮೊದಲ ಶಾಲೆಯ ಚಾವಣಿಯ ಬಗ್ಗೆ ನಾಲ್ಕು ಪುಟ ಬರೆದೆವು.

ಜೂನ್ ಬಂತು. ಬೆಳಿಗ್ಗೆ ಏಳಕ್ಕೇ ಕಾರಿನ ಬಾಗಿಲು ಮುಟ್ಟಲಾಗದಷ್ಟು ಬಿಸಿ. ಸಮುದ್ರ ಎರಡು ಬೀದಿಯಾಚೆಗಿದ್ದರೂ ಗಾಳಿ ಇಲ್ಲ. ಒದ್ದೆ ಬಟ್ಟೆಯನ್ನು ಮುಖಕ್ಕೆ ಒತ್ತಿ ಹಿಡಿದ ಹಾಗೆ ಹವೆ. ಕನ್ನಡಕ ಮನೆಯಿಂದ ಹೊರಬಿದ್ದೊಡನೆ ಮಂಜಾಗುತ್ತಿತ್ತು. ಮಂತ್ರಿಗಳು ಕಿಟಕಿಯಿಂದ ಬಿಳಿಯಾಗಿ ಉರಿಯುವ ಬೀದಿಯನ್ನು ನೋಡುತ್ತ, ಮಳೆ ಯಾವಾಗ ನಿಂತಿತು ಎಂದು ಕೇಳುತ್ತಿದ್ದರು. ನಾಲ್ಕನೆಯ ಅಧ್ಯಾಯದ ಹೊತ್ತಿಗೆ ನನ್ನನ್ನು ಆಗಾಗ ಬ್ರೆಂಡನ್ ಎಂದು ಕರೆಯತೊಡಗಿದರು. ನಾನು ತಿದ್ದಲಿಲ್ಲ. ಹೆಸರು ತಿದ್ದಿದರೆ ಮಾತಿನ ಎಳೆ ಕಡಿಯುತ್ತಿತ್ತು.

“ಅಂಕಲ್, ಆ ಕಾಗದ ತೆಗೆದು ಇಡ್ಲಿಕ್ಕೆ ಬಿಡುದಿಲ್ಲ ಅವರು,” ಎಂದಳು ಸುಜಾತಾ ಒಂದು ದಿನ. “ಕೋಟು ತೊಳಿಬೇಕಂದ್ರೆ ಕಾಗದವನ್ನು ಪೈಜಾಮದ ಒಳಗೆ ಹಾಕ್ತಾರೆ. ಎಂತ ಉಂಟು ಅದರಲ್ಲಿ? ಲವ್ ಲೆಟರಾ?”

“ಒಂದು ಬಾಕಿ ಕೆಲಸ,” ಎಂದೆ.

“ಹಾಗಾದ್ರೆ ಬೇಗ ಮುಗಿಸಿ ನೀವು. ನಿನ್ನೆ ಹಲ್ಲುಜ್ಜುದು ಹೇಗೆ ಅಂತ ನನ್ನನ್ನು ಕೇಳಿದ್ರು. ನಿಮ್ಮ ಎದುರು ಮಾತ್ರ ಇಷ್ಟು ಗಟ್ಟಿ.”

ನಾನು ವೇಳಾಪಟ್ಟಿ ಬದಲಿಸಲಿಲ್ಲ. ಐದು, ಆರು, ಏಳು.

ಜುಲೈ ಮೂರನೆಯ ವಾರ ಎಂಟನೆಯ ಅಧ್ಯಾಯ ಆರಂಭವಾಯಿತು. ಬುಧವಾರ ಬೆಳಿಗ್ಗೆ ಏಳು ನಲವತ್ತಕ್ಕೆ ಅವರು ಕಿಟಕಿಗೆ ಬೆನ್ನು ಕೊಟ್ಟು ನಿಂತು ಮಾತು ತೆಗೆದರು. ಅಂದು ಅಲ್ಪವಿರಾಮ ಹೇಳಲಿಲ್ಲ, ಪೂರ್ಣವಿರಾಮ ಹೇಳಲಿಲ್ಲ. ಎಲ್ಲಿಯೂ ನಿಲ್ಲಲಿಲ್ಲ. ನನ್ನ ಕೈ ಜೀವಮಾನದಲ್ಲಿ ಅಷ್ಟು ವೇಗವಾಗಿ ಓಡಿರಲಿಲ್ಲ. ಎರಡು ಪೆನ್ಸಿಲು ಮೊಂಡಾದವು. ಎಂಟೂವರೆಗೆ ಅವರು ಕುರ್ಚಿಯಲ್ಲಿ ಕುಳಿತು, “ಇಷ್ಟೇ. ಟೈಪ್ ಮಾಡಿ ತನ್ನಿ, ಸಹಿ ಹಾಕುತ್ತೇನೆ. ಒಂದು ಪ್ರತಿ ನೋರಾಳಿಗೆ ಅಂಚೆಯಲ್ಲಿ ಹೋಗಲಿ,” ಎಂದರು.

ಅವರು ಹೇಳಿದ್ದರ ತಿರುಳು ಇಷ್ಟು. ಅವರ ಊರಿನ ಬಂದರಿನಲ್ಲಿ ಮುಳುಗುವವರನ್ನು ಎತ್ತಲು ಇದ್ದ ದೋಣಿಯ ಎಂಜಿನು ಆಗಾಗ ನಿಂತುಹೋಗುತ್ತಿತ್ತು. ಹೊಸದು ಬೇಕೆಂದು ಬಂದರಿನವರು ಬರೆದಿದ್ದರು. ಆ ಫೈಲನ್ನು ಬ್ರೆಂಡನ್ ಮಂತ್ರಿಗಳ ಮೇಜಿಗೆ ತಂದಿಟ್ಟ. ಇದು ಜರೂರು ಎಂದು ಬಾಯಲ್ಲಿಯೂ ಹೇಳಿದ. ಚುನಾವಣೆ ಹತ್ತಿರವಿತ್ತು. ಒಂದು ಬಂದರಿಗೆ ಕೊಟ್ಟರೆ ಉಳಿದ ಬಂದರುಗಳವರು ಮುನಿಯುತ್ತಾರೆ. ಬದಿಗಿಡು, ಚುನಾವಣೆ ಮುಗಿಯಲಿ, ಎಂದರು ಮಂತ್ರಿಗಳು. ಹನ್ನೊಂದು ದಿನದ ಮೇಲೆ ಬಿರುಗಾಳಿಯಲ್ಲಿ ನಾಲ್ವರಿದ್ದ ಮೀನುದೋಣಿ ಮುಳುಗಿತು. ಎತ್ತಲು ಹೋದ ದೋಣಿಯ ಎಂಜಿನು ಕೊಲ್ಲಿ ದಾಟುವ ಮೊದಲೇ ನಿಂತಿತು, ನಾಲ್ವರೂ ಉಳಿಯಲಿಲ್ಲ. ವಿಚಾರಣೆಯಲ್ಲಿ ಮಂತ್ರಿಗಳು, ಆ ಫೈಲು ನನ್ನ ಮೇಜಿಗೆ ಬಂದಿರಲೇ ಇಲ್ಲ ಎಂದರು. ಹಾಗಾದರೆ ಅದರ ಮೇಲೆ ಕೂತಿದ್ದವನು ಕಾರ್ಯದರ್ಶಿ ಎಂದಾಯಿತು. ಬ್ರೆಂಡನ್‌ನನ್ನು ಹಳೆಯ ದಾಖಲೆಗಳ ಕೋಣೆಗೆ ಹಾಕಿದರು. ಊರ ಚರ್ಚಿನಲ್ಲಿ ಅವನ ಸಂಸಾರ ಕೂರುತ್ತಿದ್ದ ಬೆಂಚಿನಲ್ಲಿ ಬೇರೆಯವರು ಕೂರುವುದನ್ನು ಬಿಟ್ಟರು. ಅವನು ಸತ್ತ ಮೇಲೂ ಕೂರಲಿಲ್ಲ.

ಇದು ತಿರುಳು. ಅವರು ಹೇಳಿದ್ದು ಹೀಗಲ್ಲ. ಅವರ ಮಾತಿನಲ್ಲಿ ಆ ಕೋಣೆ ಇತ್ತು, ಆ ಬೆಳಿಗ್ಗೆ ಇತ್ತು, ಬ್ರೆಂಡನ್ ಬಾಗಿಲಲ್ಲಿ ಎರಡನೆಯ ಸಲ ತಿರುಗಿ ನಿಂತದ್ದು ಇತ್ತು. ಸುಳ್ಳು ಹೇಳುವಾಗ ತಮ್ಮ ನಾಲಿಗೆಗೆ ಆದದ್ದೇನು ಎಂಬುದೂ ಇತ್ತು. ಓದಿದವನು ಅನುಮಾನಿಸಲು ಸಾಧ್ಯವಿಲ್ಲದ ಮಾತು. ಅಂದು ಮಧ್ಯಾಹ್ನ ಕೂತು ಟೈಪ್ ಮಾಡಿದೆ. ಏಳು ಪುಟ ಆಯಿತು. ಎಂದಿನ ಹಾಗೆ ಕೈ ಟೈಪ್ ಮಾಡಿತು, ತಲೆ ದೂರ ಇತ್ತು.

ಗುರುವಾರ ಸಂಜೆ ಪ್ರತಿಯನ್ನು ಮೇವ್‌ಗೆ ಕೊಟ್ಟೆ. ಶನಿವಾರ ಬೆಳಿಗ್ಗೆ ಆರೂವರೆಗೆ ಹೋದಾಗ ಲಕೋಟೆ ಮೇಜಿನ ಮೇಲಿತ್ತು. ಒಳಗೆ ನನ್ನ ಏಳು ಪುಟಗಳಿರಲಿಲ್ಲ. ಮೇವ್ ಕೈಯಲ್ಲಿ ಬರೆದ ಎರಡು ಪುಟ ಇತ್ತು. ಎಂಟನೆಯ ಅಧ್ಯಾಯ ಇದು ಎಂದು ಮೇಲೆ ಬರೆದು, ಕೆಳಗೆ ಮೊದಲಕ್ಷರ ಹಾಕಿದ್ದರು. ಆ ಎರಡು ಪುಟಗಳಲ್ಲಿ ಮಂತ್ರಿಗಳು ಹೊಸ ಮೀನುಮಾರುಕಟ್ಟೆ ಉದ್ಘಾಟಿಸಿದ್ದರು. ದುರಂತ ಒಂದು ಸಾಲಿನಲ್ಲಿ ಬಂದು ಹೋಗಿತ್ತು.

ನಾನು ಅದನ್ನು ಗಮನಿಸಿದೆ. ಗಮನಿಸಲಿಲ್ಲ ಎಂದು ಬರೆದರೆ ಸುಳ್ಳಾಗುತ್ತದೆ. ಆದರೆ ತಿದ್ದುಪಡಿ ಬಂದರೆ ಕಾರಣ ಕೇಳುವುದು ಕಾರ್ಯದರ್ಶಿಯ ಕೆಲಸವಲ್ಲ. ಮನೆಗೆ ಬಂದು ಎರಡು ಪುಟವನ್ನು ಟೈಪ್ ಮಾಡಿ ಹಳೆಯದರ ಮೇಲೆ ಉಳಿಸಿದೆ. ಟಿಪ್ಪಣಿ ಪುಸ್ತಕದಿಂದ ಆ ವಾರದ ಹಾಳೆಗಳನ್ನು ಕಿತ್ತು ಯಂತ್ರಕ್ಕೆ ಹಾಕಿದೆ. ಎಂಟು ಗಂಟೆಗೆ ಎಲ್ಲ ಮುಗಿಯಿತು. ಕೈ ತೊಳೆದು ಕಾಫಿ ಕುಡಿದೆ.

ಭಾನುವಾರ ಮಂತ್ರಿಗಳು ಬಾಗಿಲಲ್ಲಿಯೇ ಕಾಯುತ್ತಿದ್ದರು. “ಬುಧವಾರ ಹೇಳಿದ್ದನ್ನು ಓದಿ. ಸಹಿ ಹಾಕಿ ಇಂದೇ ಕಳಿಸಬೇಕು.”

ನಾನು ಎರಡು ಪುಟ ಓದಿದೆ. ಅವರು ಕೊನೆಯವರೆಗೆ ಕೇಳಿದರು.

“ಇದಲ್ಲ. ನಿಮ್ಮ ಟಿಪ್ಪಣಿಯಿಂದ ಓದಿ.”

“ಟಿಪ್ಪಣಿ ಇಲ್ಲ ಸರ್.”

“ಎಲ್ಲಿದೆ?”

“ಕ್ರಮದ ಪ್ರಕಾರ ನಾಶ ಮಾಡಿದೆ.”

ಅವರು ಸಿಟ್ಟಾಗಲಿಲ್ಲ. ಆ ಉತ್ತರ ಅವರಿಗೆ ಸಹಜವಾಗಿಯೇ ಕೇಳಿಸಿತು. ಅವರ ಕಚೇರಿಗಳಲ್ಲಿಯೂ ಹಾಗೆಯೇ ನಡೆದಿತ್ತು. “ಆಗಲಿ, ಮತ್ತೊಮ್ಮೆ ಹೇಳುತ್ತೇನೆ,” ಎಂದು ಕಿಟಕಿಗೆ ಬೆನ್ನು ಕೊಟ್ಟು ನಿಂತರು. ನಾನು ಪೆನ್ಸಿಲು ಹಿಡಿದೆ. ಏಳು ನಲವತ್ತರಿಂದ ಎಂಟು ಗಂಟೆಯವರೆಗೆ ನಿಂತೇ ಇದ್ದರು. “ಆ ವರ್ಷ ಚಳಿಗಾಲ ಬೇಗ ಬಂತು,” ಎಂದರು. ಆಮೇಲೆ, “ಮೀನುಮಾರುಕಟ್ಟೆಯ ಉದ್ಘಾಟನೆಗೆ ಬಹಳ ಜನ ಸೇರಿದ್ದರು,” ಎಂದರು. ನಾನು ಈಗಷ್ಟೇ ಓದಿ ಹೇಳಿದ್ದು ಅವರ ಬಾಯಿಗೆ ಬಂದಿತ್ತು.

ಸೋಮವಾರ ಪ್ರಯತ್ನಿಸಿದರು. ಮಂಗಳವಾರ ಪ್ರಯತ್ನಿಸಿದರು. ಬುಧವಾರ, ನೋರಾಳ ಪತ್ರವನ್ನು ಜೇಬಿನಿಂದ ತೆಗೆದು ನೋಡಿ, “ಈಕೆ ನನ್ನಿಂದ ಏನೋ ಕೇಳುತ್ತಿದ್ದಾಳೆ. ಏನು ಅಂತ ನಿಮಗೆ ಗೊತ್ತೇ?” ಎಂದರು. ಹೇಳಿದೆ. ತಲೆಯಾಡಿಸಿದರು. ಅರ್ಧ ಗಂಟೆಯ ಮೇಲೆ ಅದನ್ನೇ ಮತ್ತೆ ಕೇಳಿದರು.

ಆ ಗುರುವಾರ ನಾನು ಪ್ರತಿ ಕೊಟ್ಟು ಹೊರಡಲಿಲ್ಲ. ಮೇವ್ ಸೊಹಾರ್‌ನಿಂದ ಎರಡೂವರೆ ತಾಸು ಕಾರು ಓಡಿಸಿ ಬಂದಿದ್ದರು; ಕಾರ್ಖಾನೆಯ ಬೂಟುಗಳನ್ನು ಇನ್ನೂ ಕಳಚಿರಲಿಲ್ಲ.

“ಮೇಡಂ, ಆ ಏಳು ಪುಟ ಬೇಕು.”

“ಇಲ್ಲ. ಆಫೀಸಿನ ಯಂತ್ರಕ್ಕೆ ಹಾಕಿದೆ.”

“ಅದು ಅವರ ಮಾತು.”

“ಯಾವುದು ಅವರ ಮಾತು, ಫೆಲಿಕ್ಸ್?” ಎಂದು ಬೂಟಿನ ದಾರ ಬಿಚ್ಚುತ್ತ ಕೇಳಿದರು. “ಅದೇ ವಾರ ನನಗೆ ಫೋನಿನಲ್ಲಿ, ಮುಳುಗಿದ ದೋಣಿಯಲ್ಲಿ ತಾನೂ ಇದ್ದೆ ಎಂದರು. ಅದನ್ನೂ ಅಚ್ಚು ಹಾಕಿಸಲೇ? ನೀವು ಬೆಳಿಗ್ಗೆ ಎರಡು ಗಂಟೆ ನೋಡುತ್ತೀರಿ. ಆಗ ಅವರು ಮಂತ್ರಿ. ಉಳಿದ ಇಪ್ಪತ್ತೆರಡು ಗಂಟೆ ನೋಡಿದವರನ್ನು ಕೇಳಿ.”

ಒಳಬಾಗಿಲಲ್ಲಿ ಸುಜಾತಾ ನಿಂತಿದ್ದಳು. ನೆಲ ನೋಡಿದಳು.

“ಆ ಬುಧವಾರ ಅವರು ಹೇಳಿದ್ದು ನಿಜ,” ಎಂದೆ.

“ನಿಮಗೆ ಹೇಗೆ ಗೊತ್ತು?”

ಆ ಏಳು ಪುಟದ ಮಾತುಗಳಿದ್ದರೆ ಆ ಮಾತುಗಳೇ ಉತ್ತರ ಕೊಡುತ್ತಿದ್ದವು. ಆ ರಾತ್ರಿಯಿಂದ ಎರಡು ವಾರ, ಅವನ್ನು ನೆನಪಿಗೆ ತರಲು ನಾನು ಮಾಡದ ಪ್ರಯತ್ನವಿಲ್ಲ. ಪೆನ್ಸಿಲು ಹಿಡಿದು ಅದೇ ಹೊತ್ತಿಗೆ ಕುಳಿತೆ. ಮೊದಲ ಗೆರೆ ಹಾಕಿದರೆ ಕೈ ತಾನಾಗಿ ಹೋದೀತು ಎಂದುಕೊಂಡೆ. ಕೈ ಹೋಗಲಿಲ್ಲ. ಐವತ್ತು ನಿಮಿಷ ನಾನು ಆ ಕೋಣೆಯಲ್ಲಿ ಕೂತು ಪ್ರತಿ ಶಬ್ದವನ್ನೂ ಕೇಳಿಸಿಕೊಂಡಿದ್ದೆ. ಉಳಿದದ್ದು ತಿರುಳು ಮಾತ್ರ, ಯಾರು ಬೇಕಾದರೂ ಕಟ್ಟಿ ಹೇಳಬಹುದಾದ ತಿರುಳು. ಮಾಸ್ತರರು ಕಲಿಸಿದ್ದನ್ನು ನಾನು ಪೂರ್ತಿ ಕಲಿತಿದ್ದೆ.

ಆಗಸ್ಟ್‌ನಲ್ಲಿ ವೃತ್ತಿಯ ನಿಯಮವನ್ನು ಮೊದಲ ಸಲ ಮುರಿದೆ. ಯಜಮಾನರಿಗೆ ತಿಳಿಸದೆ ನೋರಾಳಿಗೆ ಪತ್ರ ಬರೆದೆ. ನಾನು ಇಂಥವನು, ನಿಮ್ಮ ಗಂಡ ಮಾಡುತ್ತಿದ್ದ ಕೆಲಸವನ್ನೇ ಮಾಡುವವನು. ಮಂತ್ರಿಗಳು ನನ್ನೆದುರು ಎಲ್ಲವನ್ನೂ ಒಪ್ಪಿಕೊಂಡರು. ಆ ಬರಹ ನನ್ನ ಕೈಯಿಂದಲೇ ನಾಶವಾಯಿತು. ನಾನು ಸಾಕ್ಷಿ ಎಂದು ಬರೆದು ಸಹಿ ಹಾಕಿದೆ. ಮೂರು ವಾರಕ್ಕೆ ಉತ್ತರ ಬಂತು. ಅದೇ ನೀಲಿ ಶಾಯಿ, ಅಕ್ಷರ ಮಾತ್ರ ನಡುಗಿತ್ತು.

ನೀವು ಒಳ್ಳೆಯವರಿರಬೇಕು, ಎಂದು ಆಕೆ ಬರೆದಿದ್ದಳು. ಆದರೆ ಈ ಪತ್ರವನ್ನು ಇಲ್ಲಿ ಯಾರಿಗೆ ತೋರಿಸಲಿ? ಎಲ್ಲಿಯೋ ದೂರದ ದೇಶದಲ್ಲಿ, ಮರೆವಿನ ಮುದುಕನೊಬ್ಬ ಹೇಳಿದನಂತೆ, ಕೇಳಿದವನಿಗೂ ಸರಿಯಾಗಿ ನೆನಪಿಲ್ಲವಂತೆ ಎಂದು ನಗುತ್ತಾರೆ. ವಿಚಾರಣೆಯಲ್ಲಿ ನನ್ನ ಗಂಡನನ್ನೂ ಕೇಳಿದರು: ಮಂತ್ರಿಗಳು ಬದಿಗಿಡು ಎಂದರು ಎನ್ನುತ್ತೀಯಲ್ಲ, ಬರೆದುಕೊಂಡ ಪುಸ್ತಕ ಎಲ್ಲಿ? ವಾರದ ಕೊನೆಗೆ ಟಿಪ್ಪಣಿ ಸುಡುವುದು ಅವರ ಕಚೇರಿಯ ಪದ್ಧತಿ. ಅವನು ಪದ್ಧತಿ ತಪ್ಪಿದವನಲ್ಲ. ನೀವೂ ಅಂಥವರೇ ಎಂದು ತೋರುತ್ತದೆ. ನನಗೆ ಬೇಕಾಗಿದ್ದುದು ಮಂತ್ರಿಯ ಸಹಿಯಿರುವ ಒಂದು ವಾಕ್ಯ.

ಆ ಕೊನೆಯ ಸಾಲನ್ನು ಎರಡು ದಿನ ಜೇಬಿನಲ್ಲಿಟ್ಟುಕೊಂಡು ತಿರುಗಿದೆ.

ಸೆಪ್ಟೆಂಬರ್ ಹೊತ್ತಿಗೆ ಪುಸ್ತಕದ ಕೆಲಸ ನಿಂತಿತ್ತು. ಆದರೂ ನಾನು ಏಳೂವರೆಗೆ ಹೋಗುತ್ತಿದ್ದೆ. ನಾನು ಬಾರದಿದ್ದರೆ ಅವರು ಟೈ ಕಟ್ಟಿಕೊಂಡು ಬಾಗಿಲ ಬಳಿ ನಿಂತೇ ಇರುತ್ತಾರೆ ಎಂದು ಸುಜಾತಾ ಹೇಳಿದ್ದಳು. ಆಗ ಅವರು ಮುಂದೆ ಯಾವ ಕಾಗದ ಇಟ್ಟರೂ ಸಹಿ ಹಾಕುತ್ತಿದ್ದರು. ತರಕಾರಿ ಚೀಟಿ, ಔಷಧದ ಡಬ್ಬಿ, ಪತ್ರಿಕೆಯ ಅಂಚು. ಹೆಂಡತಿಯ ಹೆಸರು ಮರೆತಿದ್ದರು. ಸಹಿ ಮಾತ್ರ ಒಂದು ಗೆರೆಯೂ ಅಲುಗಿರಲಿಲ್ಲ. “ನನ್ನ ರಜೆ ಅರ್ಜಿಗೂ ಹಾಕಿದ್ದಾರೆ ಅಂಕಲ್,” ಎಂದು ಸುಜಾತಾ ನಕ್ಕಿದ್ದಳು. “ಐರ್ಲೆಂಡ್ ಸರ್ಕಾರದಿಂದ ಮಂಜೂರು.”

ಒಂದು ಮಂಗಳವಾರ ನಾನು ಒಂದು ಹಾಳೆಯಲ್ಲಿ ಒಂದೇ ವಾಕ್ಯ ಟೈಪ್ ಮಾಡಿಕೊಂಡು ಹೋದೆ. ದುರಂತಕ್ಕೆ ಹನ್ನೊಂದು ದಿನ ಮೊದಲೇ ನನ್ನ ಕಾರ್ಯದರ್ಶಿ ಬ್ರೆಂಡನ್ ಆ ಫೈಲನ್ನು ನನ್ನ ಮೇಜಿಗೆ ತಂದಿಟ್ಟಿದ್ದ; ತಡ ಮಾಡಿದವನು ನಾನು. ಕೆಳಗೆ ಸಹಿಗೆ ಜಾಗ ಬಿಟ್ಟಿದ್ದೆ. ಯಜಮಾನರು ಹೇಳದ ಮಾತನ್ನು ನಾನು ಎಂದೂ ಟೈಪ್ ಮಾಡಿದವನಲ್ಲ. ಹಿಂದಿನ ದಿನ ಪೂರ್ತಿ ಇದು ತಪ್ಪೇ ಎಂದು ಯೋಚಿಸಿದ್ದೆ. ವಿಷಯ ನಿಜ. ಆಕೆ ಬದುಕಿದ್ದಾಳೆ. ಇಷ್ಟು ಸಾಕು ಎಂದು ಹೊರಟಿದ್ದೆ.

ಹಾಳೆಯನ್ನು ಅವರ ಮುಂದೆ ಇಟ್ಟು, ಎಲ್ಲಿ ಸಹಿ ಎಂದು ಬೆರಳಿಟ್ಟು ತೋರಿಸಿದೆ. ಅವರು ಪೆನ್ನಿನ ಟೋಪಿ ತೆಗೆದರು. ನಿಬ್ಬು ಕಾಗದಕ್ಕೆ ತಾಗುವಷ್ಟು ಬಂತು. ಆಗ ಯಾವುದೋ ಹಳೆಯ ಅಭ್ಯಾಸ ಎಚ್ಚರವಾಯಿತು. ಓದದೆ ಸಹಿ ಹಾಕಬಾರದು ಎಂದು ಅವರಿಗೆ ಎಂದೋ ಯಾರೋ ಕಲಿಸಿದ್ದಿರಬೇಕು. ಎಡಗೈ ಬೆರಳಿನಿಂದ ಒಂದೊಂದು ಶಬ್ದವನ್ನು ಒತ್ತುತ್ತ ಓದಿದರು. ಮತ್ತೆ ಮೊದಲಿನಿಂದ ಓದಿದರು.

“ಇದನ್ನು ನಾನು ಹೇಳಿದ್ದೇನೆಯೇ?” ಎಂದು ಕೇಳಿದರು.

ಹೌದು ಎಂದಿದ್ದರೆ ಮುಗಿಯುತ್ತಿತ್ತು.

“ವಿಷಯ ನೀವು ಹೇಳಿದ್ದು ಸರ್. ಮಾತು ನನ್ನದು.”

ಅವರು ಕಿಟಕಿಯ ಕಡೆ ನೋಡಿದರು. ಪೆನ್ನಿಗೆ ಟೋಪಿ ಹಾಕಿ, ಹಾಳೆಯನ್ನು ಎರಡು ಬೆರಳಿನಿಂದ ನನ್ನ ಕಡೆ ಸರಿಸಿದರು. ದನಿ ಮೆತ್ತಗಿತ್ತು, ಹಿರಿಯರೊಬ್ಬರು ಕೆಳಗಿನವನಿಗೆ ಕೆಲಸ ತಿಳಿಸಿ ಹೇಳುವ ದನಿ.

“ಈಗ ಬೇಡ ಬ್ರೆಂಡನ್. ಬದಿಗಿಡು. ಚುನಾವಣೆ ಮುಗಿಯಲಿ.”

“ಆಗಲಿ ಸರ್,” ಎಂದೆ. ಹಾಳೆ ತೆಗೆದುಕೊಂಡು ಬಾಗಿಲವರೆಗೆ ಹೋದೆ. ಅಲ್ಲಿ ಒಮ್ಮೆ ತಿರುಗಿ ನಿಂತೆ. ಅವರು ಆಗಲೇ ಮುಂದಿನ ಕಾಗದಕ್ಕಾಗಿ ಕೈ ಚಾಚಿದ್ದರು.